ಅಡುಗೆಯವರು ಹೊತ್ತಿಗೆ ಸರಿಯಾಗಿ ಬಂದಿದ್ದರು

ನಮ್ಮ ‘ಶಿಯೋಮೆ’ಯಲ್ಲಿ ಯಾರ ಮಾತೂ ಆಡಿದ ಹಾಗೆ ಅಚ್ಚಾಗುವುದಿಲ್ಲ. ರಾಜಕೀಯ ಮತ್ತು ವಿದೇಶಾಂಗ ವ್ಯವಹಾರಗಳ ಮಾಸಪತ್ರಿಕೆ ಎಂದು ಮುಖಪುಟದ ಮೇಲೆ ಬಹಳ ಗಂಭೀರವಾಗಿ ಬರೆದುಕೊಂಡಿದ್ದೇವೆ. ಪ್ರತಿ ಸಂಚಿಕೆಯ ನಡುವೆ ಒಂದು ದುಂಡುಮೇಜಿನ ಮಾತುಕತೆ ಇರುತ್ತದೆ. ಮೂವರು ದೊಡ್ಡವರನ್ನು ಕೂರಿಸಿ, ಊಟ ಹಾಕಿಸಿ, ಮಾತಾಡಿಸಿ, ಅದನ್ನು ಬರಹಕ್ಕಿಳಿಸಿ ಕರಡನ್ನು ಅವರವರಿಗೆ ಕಳಿಸುತ್ತೇವೆ. ಅವರು ತಾವು ಆಡಿದ್ದನ್ನು ಕೆಂಪು ಶಾಯಿಯಲ್ಲಿ ಹೊಡೆದು, ಆಡಿದ್ದರೆ ಚೆನ್ನಾಗಿತ್ತು ಅನ್ನಿಸಿದ್ದನ್ನು ಬರೆದು ವಾಪಸು ಕಳಿಸುತ್ತಾರೆ. ಒಬ್ಬರು ಪ್ರಶ್ನೆಯನ್ನೇ ಬದಲಾಯಿಸಿರುತ್ತಾರೆ, ಇನ್ನೊಬ್ಬರು ಹಳೆಯ ಪ್ರಶ್ನೆಗೆ ಇನ್ನಷ್ಟು ಉದ್ದದ ಉತ್ತರ ಬರೆದಿರುತ್ತಾರೆ. ಹೀಗೆ ಹರಿದುಬಂದದ್ದನ್ನು ಹೊಲಿದು ಒಂದು ಮಾತುಕತೆಯಂತೆ ಕಾಣುವ ಹಾಗೆ ಮಾಡುವುದು ಕಿಜಿಮಾ ಫುಸಾಎ ಎಂಬವಳ, ಅಂದರೆ ನನ್ನ, ಕೆಲಸ. ಇದರಲ್ಲೇ ನನ್ನ ಕೂದಲು ಬೆಳ್ಳಗಾಗಿದೆ, ಕುತ್ತಿಗೆ ಒಂದು ಕಡೆಗೆ ತಿರುಗುವುದು ನಿಂತಿದೆ.

ಇದಕ್ಕೊಂದು ಕಟ್ಟುಪಾಡು ಇದೆ. ಎಲ್ಲೂ ಬರೆದಿಟ್ಟದ್ದಲ್ಲ, ಆದರೆ ಟೋಕಿಯೋದಲ್ಲಿ ಈ ಕಸುಬಿನವರೆಲ್ಲರಿಗೂ ಗೊತ್ತು. ಆಡಿದ ಮಾತು ಅತಿಥಿಯದು. ಕೊನೆಯ ಕರಡು ಯಂತ್ರಕ್ಕೆ ಹೋಗುವ ತನಕ ಅವರು ಅದನ್ನು ಉಳಿಸಬಹುದು, ಅಳಿಸಬಹುದು, ನಾವು ತುಟಿಪಿಟಕ್ಕೆನ್ನುವಂತಿಲ್ಲ. ತಲೆಬರಹ, ನಡುನಡುವೆ ದಪ್ಪಕ್ಷರದಲ್ಲಿ ಬರುವ ಉಪಶೀರ್ಷಿಕೆ, ಕಂಸದೊಳಗೆ ಹಾಕುವ ‘ನಗು’, ಇಷ್ಟು ಮಾತ್ರ ನಮ್ಮವು. ಅವಕ್ಕೆ ಅತಿಥಿ ಕೈ ಹಾಕುವುದಿಲ್ಲ. ಯಾರೂ ನಗದ ಕಡೆಯಲ್ಲೂ ನಾನು ಬೇಕಾದಷ್ಟು ನಗು ಹಾಕಿದ್ದೇನೆ. ಇಲ್ಲದಿದ್ದರೆ ಅಲ್ಲಿ ಜಗಳವಾಗಿತ್ತು ಎಂದು ಓದುಗರಿಗೆ ಗೊತ್ತಾಗಿಬಿಡುತ್ತಿತ್ತು.

ಆ ಸಲದ ಮಾತುಕತೆ ನಡೆದದ್ದು ಮಳೆಗಾಲದಲ್ಲಿ, ಕಗುರಝಾಕಾದ ಒಂದು ಊಟದ ಮನೆಯ ಮಹಡಿಯಲ್ಲಿ. ಹೊರನಾಡಿನಲ್ಲಿ ಯುದ್ಧ ಬಂದಾಗ ನಮ್ಮವರನ್ನು ಕರೆತರುವುದು ಹೇಗೆ ಎಂಬುದು ವಿಷಯ. ಬಂದವರಲ್ಲಿ ಒಬ್ಬರು ತೊಗಾಶಿ ಎಂಬ ನಿವೃತ್ತ ರಾಯಭಾರಿ. ಎಂಬತ್ತು ದಾಟಿದ್ದರೂ ಬೆನ್ನು ನೆಟ್ಟಗೆ, ಮಾತು ತೂಕಕ್ಕೆ ಹಾಕಿದ ಹಾಗೆ. ನಮ್ಮ ಮೇಜಿಗೆ ಎಷ್ಟು ಸಲ ಬಂದಿದ್ದಾರೋ ಲೆಕ್ಕವಿಲ್ಲ, ಒಂದು ಸಲವೂ ಏನನ್ನೂ ಹೇಳಿದವರಲ್ಲ. ಇನ್ನೊಬ್ಬರು ಮಿನಾಸೆ ಚಿಝುರು, ವಿಶ್ವವಿದ್ಯಾಲಯದಲ್ಲಿ ಪಶ್ಚಿಮ ಏಷ್ಯಾದ ರಾಜಕೀಯ ಕಲಿಸುವ ಹೆಂಗಸು, ಐವತ್ತರ ಆಚೀಚೆ. ಮೂರನೆಯವರು ಒಬ್ಬ ಅಂಕಣಕಾರ, ಅವರು ಬಂದದ್ದು ಊಟಕ್ಕೆ.

ತೊಗಾಶಿ ಅವರು ಮಿನಾಸೆ ಕೊಟ್ಟ ಹೆಸರಿನ ಚೀಟಿಯನ್ನು ಎರಡೂ ಕೈಯಲ್ಲಿ ಹಿಡಿದು ಬಹಳ ಹೊತ್ತು ನೋಡಿದ್ದರು. ವಯಸ್ಸಾಯಿತು, ಕಣ್ಣು ಸಾಲದು ಎಂದುಕೊಂಡಿದ್ದೆ.

ಊಟ ಮುಗಿಯುತ್ತ ಬಂದಿತ್ತು. ರಾಯಭಾರಿಗಳು ಎಂದಿನಂತೆ ಸಹಕಾರ, ಸಮನ್ವಯ ಎಂದು ಹೆಣೆಯುತ್ತಿದ್ದರು. ನನಗೆ ಆಕಳಿಕೆ ತಡೆಯುವುದೇ ಒಂದು ಕೆಲಸವಾಗಿತ್ತು. ಆಗ ಮಿನಾಸೆ ಕೇಳಿದರು.

“ನೀವು ನಲವತ್ತು ವರ್ಷದ ಹಿಂದೆ ಕೆಲಸಕ್ಕಿದ್ದ ಆ ರಾಜಧಾನಿಯಿಂದ, ಯುದ್ಧ ಶುರುವಾಗಿ, ಕೊನೇ ವಿಮಾನ ಹೊರಟಾಗ ಒಬ್ರು ಉಳ್ಕೊಂಡ್ರು. ದೂತಾವಾಸದ ಅಡುಗೆಯವರು, ಗೆಂಝೋ ಅಂತ. ನಿಗದಿತ ಹೊತ್ತಿಗೆ ಬರಲಿಲ್ಲ ಅಂತ ವರದೀಲಿದೆ. ನಿಮಗೇನಾದ್ರೂ ನೆನಪಿದ್ಯಾ?”

ತೊಗಾಶಿ ಅವರು ಚಹಾ ಬಟ್ಟಲು ಕೆಳಗಿಟ್ಟರು. ಹೊರಗೆ ಮಳೆ ಹುಯ್ಯುತ್ತಿತ್ತು. ಅಂಕಣಕಾರರು ಸುಟ್ಟ ಹಾವುಮೀನಿನ ಕೊನೆಯ ತುಂಡನ್ನು ಬಾಯಿಗಿಟ್ಟುಕೊಳ್ಳುವುದೋ ಬೇಡವೋ ಎಂದು ಹಾಗೇ ಹಿಡಿದು ಕೂತರು.

“ಇಲ್ಲ,” ಎಂದರು ತೊಗಾಶಿ. “ಅವ್ರು ತಡ ಮಾಡ್ಲಿಲ್ಲ. ಹೊತ್ತಿಗೆ ಸರಿಯಾಗಿ ಬಂದಿದ್ರು. ಎಲ್ಲರಿಗಿಂತ ಮುಂಚೇನೇ ಬಂದು ಕೈಚೀಲ ಹಿಡ್ಕೊಂಡು, ನಾವೆಲ್ಲ ಸೇರ್ಬೇಕಿದ್ದ ಹೋಟೆಲಿನ ಅಂಗಳದಲ್ಲಿ ನಿಂತಿದ್ರು. ನನ್ನ ಮಗಳು ನಾಯಿ ಬಿಟ್ಟು ಬರಲ್ಲ ಅಂತ ಒಂದೇ ಸಮ ಅಳ್ತಿದ್ಳು. ಚಿಕ್ಕ ಹುಡುಗಿ. ಗೆಂಝೋ ಅವ್ರೇ, ಮನೆಗೆ ಹೋಗಿ ನಾಯಿ ಕರ್ಕೊಂಡ್ ಬಂದ್ಬಿಡಿ, ಇನ್ನೂ ಹೊತ್ತಿದೆ ಅಂದೆ. ಆಗ್ಲಿ ಅಂತ ಚೀಲ ನನ್ನ ಕೈಗೇ ಕೊಟ್ಟು ಹೋದ್ರು. ಆಮೇಲೆ ಅವ್ರು ವಾಪಸ್ ಬರೋ ದಾರೀಲಿದ್ದ ಸೇತುವೆ ಮುಚ್ಚಿದ್ರು. ವಿಮಾನ ಕಾಯಲಿಲ್ಲ. ಹೊತ್ತಿಗೆ ಬರಲಿಲ್ಲ ಅಂತ ವರದಿ ಬರೆದದ್ದು ನಾನೇ.”

ಮಿನಾಸೆ ಮೇಜಿನ ಮೇಲೆ ಕೈಯೂರಿ ತಲೆ ಬಾಗಿಸಿದರು. “ಹೇಳಿದ್ದಕ್ಕೆ ಉಪಕಾರ ಆಯ್ತು. ಇದು ನಮ್ಮಮ್ಮ ಕೇಳ್ಬೇಕಾದ ಮಾತು.”

ನನ್ನ ಆಕಳಿಕೆ ಎಲ್ಲಿ ಹೋಯಿತೋ. ಇಷ್ಟು ವರ್ಷಗಳಲ್ಲಿ ಆ ಮೇಜಿನ ಮೇಲೆ ನಿಜವಾದ ಮಾತೊಂದು ಬಿದ್ದದ್ದನ್ನು ನಾನು ನೋಡಿದ್ದು ಅದೇ ಮೊದಲು.

ಸ್ಟೇಷನ್ನಿನ ತನಕ ಮಿನಾಸೆ ಮತ್ತು ನಾನು ಒಂದೇ ಕೊಡೆಯಲ್ಲಿ ಹೋದೆವು. ಗೆಂಝೋ ಮಿನಾಸೆಯವರ ಅಪ್ಪ; ತೊಗಾಶಿ ಅವರು ಚೀಟಿಯಲ್ಲಿ ಅಷ್ಟು ಹೊತ್ತು ನೋಡಿದ್ದು ಆ ಮನೆತನದ ಹೆಸರನ್ನೇ. ಅಪ್ಪನ ಸುದ್ದಿ ಮತ್ತೆ ಬರಲೇ ಇಲ್ಲ, ಕೊನೆಗೆ ತೀರಿಕೊಂಡರೆಂದು ದಾಖಲೆಯಾಯಿತು.

“ಅಮ್ಮನ ಹೆಸರು ಯೋನೆ. ಸೈತಾಮಾದಲ್ಲಿ ಒಂದು ವೃದ್ಧರ ಮನೇಲಿದ್ದಾಳೆ. ಕಿವಿ ಒಂಚೂರೂ ಕೇಳಲ್ಲ,” ಎಂದರು. “ಅಪ್ಪ ತಡ ಮಾಡಿದ್ರು ಅನ್ನೋದು ಅವಳ ತಲೇಲಿ ಕೂತ್ಬಿಟ್ಟಿದೆ. ರೈಲು ತಡವಾದ್ರೆ ‘ನಿಮ್ಮಪ್ಪನ ಜಾತಿ’ ಅಂತಾಳೆ. ಮನೇಲಿ ತೀರಿಕೊಂಡವರ ಫೋಟೋ ಇಟ್ಟ ಗೂಡಿನ ಮುಂದೆ ಅನ್ನ ಇಡ್ತೀವಲ್ಲ ಬೆಳಿಗ್ಗೆ, ಎಲ್ಲರ ಮನೇಲೂ ಮೊದಲ ತುತ್ತು ಬಿಸಿಬಿಸಿಯಾಗಿ ಸತ್ತವರಿಗೆ. ನಮ್ಮಮ್ಮ ಎಲ್ಲರದ್ದೂ ಊಟ ಆದ್ಮೇಲೆ, ತಳದಲ್ಲಿ ಆರಿ ಒಣಗಿದ್ದನ್ನ ಇಡ್ತಾಳೆ. ತಡವಾಗಿ ಬರೋನು ತಣ್ಣಗಿರೋದ್ನೇ ತಿನ್ಲಿ ಅಂತ. ನಾನು ಹುಡುಗಿಯಾಗಿದ್ದಾಗಿಂದ ಹೀಗೇ.”

“ಈಗ ಹೋಗಿ ಬರೆದು ತೋರಿಸಿದ್ರಾಯ್ತಲ್ಲ?”

“ನಾನು ಬರೆದ್ರೆ ನಂಬ್ತಾಳಾ? ನೀನು ಯಾವಾಗ್ಲೂ ಅಪ್ಪನ ಕಡೆ ಅಂತ ಬಿಸಾಕ್ತಾಳೆ. ಅವಳು ನಂಬೋದು ಅಚ್ಚಾದದ್ದನ್ನ ಮಾತ್ರ. ಅದೂ ‘ಶಿಯೋಮೆ’ಲಿ ಬಂದದ್ದನ್ನ. ಅಪ್ಪ ಅಲ್ಲಿಗೂ ಇದನ್ನ ತರಿಸ್ಕೊಂಡು ಓದ್ತಿದ್ರು. ಅಡುಗೆಯವನಿಗೆ ಪ್ರಪಂಚದ ಚಿಂತೆ ಯಾಕೆ ಅಂತ ಇವಳು ಬೈತಿದ್ಳು. ಈಗ ತಾನೇ ತರಿಸ್ತಾಳೆ. ಕಣ್ಣು ಸಾಲಲ್ಲ, ದಪ್ಪಕ್ಷರ ಮಾತ್ರ ಓದ್ತಾಳೆ, ಭೂತಗನ್ನಡಿ ಹಿಡ್ಕೊಂಡು.” ಅವರು ನಕ್ಕರು. ಕಣ್ಣಿನಲ್ಲಿ ನೀರು ಇತ್ತು. “ಅಚ್ಚಾಗ್ಲಿ ಮೊದ್ಲು. ನಾನೇ ಬೆರಳಿಟ್ಟು ಓದಿಸ್ತೀನಿ.”

ಆದರೆ ಕರಡು ಇನ್ನೂ ಹೋಗಬೇಕಿತ್ತು, ಬರಬೇಕಿತ್ತು.

ಬಂದೇ ಬಂತು. ತೊಗಾಶಿ ಅವರು ಈಗಲೂ ಫ್ಯಾಕ್ಸ್ ಬಿಟ್ಟು ಬೇರೇನೂ ಬಳಸುವವರಲ್ಲ. ನಡುಗುವ ಕೈಯಲ್ಲಿ ಎಳೆದ ಗೆರೆ ಆ ಇಡೀ ಭಾಗದ ಮೇಲೆ ಹಾದುಹೋಗಿತ್ತು. ಪಕ್ಕದಲ್ಲಿ ಹೊಸ ವಾಕ್ಯಗಳು: ಅಂದಿನ ಪರಿಸ್ಥಿತಿ ಬಹಳ ಗೊಂದಲಮಯವಾಗಿತ್ತು, ಲಭ್ಯವಿದ್ದ ಮಾಹಿತಿಯ ಆಧಾರದ ಮೇಲೆ ಸಾಧ್ಯವಿದ್ದ ಎಲ್ಲ ಕ್ರಮಗಳನ್ನೂ ಕೈಗೊಳ್ಳಲಾಯಿತು, ಇದರಿಂದ ಕಲಿಯಬೇಕಾದ ಪಾಠಗಳು ಇವೆ. ಇಂಥ ವಾಕ್ಯಗಳನ್ನು ನಾನು ನಿದ್ದೆಯಲ್ಲೂ ಬರೆಯಬಲ್ಲೆ.

ಫೋನ್ ಮಾಡಿದೆ.

“ರಾಯಭಾರಿಗಳೇ, ಅಡುಗೆಯವರ ವಿಷಯದ ಜಾಗ...”

“ಹಾಂ, ಅದು ಸ್ವಲ್ಪ ಉದ್ದ ಆಯ್ತು ಅನ್ನಿಸ್ತು.”

“ಈಗ ಬರೆದಿರೋದು ಅದಕ್ಕಿಂತ ಉದ್ದ ಇದೆ.”

“ನಿಮಗೆ ತೊಂದರೆ ಕೊಡ್ತಿದ್ದೀನಿ, ಕಿಜಿಮಾ ಅವ್ರೇ. ದಯವಿಟ್ಟು,” ಎಂದು ಫೋನ್ ಇಟ್ಟರು. ನಮ್ಮಲ್ಲಿ ಅಂಥ ದೊಡ್ಡವರು ‘ದಯವಿಟ್ಟು’ ಎಂದ ಮೇಲೆ ಮುಗಿಯಿತು, ಆ ಬಾಗಿಲು ಮತ್ತೆ ತೆರೆಯುವುದಿಲ್ಲ.

ತಿಂಗಳ ಕೊನೆಯ ಕೆಲಸಕ್ಕೆ ನಾವು ಅಚ್ಚುಕೂಟಕ್ಕೇ ಹೋಗಿ ಕೂರುತ್ತೇವೆ. ಅಲ್ಲಿ ನಮಗೆಂದೇ ಒಂದು ಕೋಣೆ, ಉದ್ದ ಮೇಜು, ಕಿಟಕಿಯಿಂದ ಕಾಗದದ ಗೋದಾಮು ಬಿಟ್ಟು ಬೇರೇನೂ ಕಾಣದು. ಅಚ್ಚುಕೂಟದವರೇ ಊಟದ ಡಬ್ಬಿ ತಂದಿಡುತ್ತಾರೆ. ಮೊದಲೆಲ್ಲ ಡಬ್ಬಿಯಲ್ಲಿ ಸೀಗಡಿ ಇರುತ್ತಿತ್ತು. ಪತ್ರಿಕೆಯ ಮಾರಾಟ ಇಳಿದ ಹಾಗೆ ಸೀಗಡಿಯೂ ಕಾಣೆಯಾಗಿ, ಈಗ ಆಲೂಗಡ್ಡೆ ಬೋಂಡಕ್ಕೆ ಬಂದಿದ್ದೇವೆ. ನಮ್ಮ ಪ್ರಧಾನ ಸಂಪಾದಕ ಹಿಬಿನೋ ಅದನ್ನು ಊಟದ ಕಡ್ಡಿಯಿಂದ ಚುಚ್ಚಿ ನೋಡುತ್ತ, “ಇದೂ ಇಲ್ಲದಿರೋ ತಿಂಗಳು ಬಂದ್ರೆ ಅಂಗಡಿ ಮುಚ್ಚೋಣ,” ಎಂದ. ನನಗಿಂತ ಕಿರಿಯ, ಆದರೆ ನನಗಿಂತ ದಣಿದವನ ಹಾಗೆ ಕಾಣುತ್ತಾನೆ.

ಅವನಿಗೆ ಪುಟ ತೋರಿಸಿದೆ. ರಾಯಭಾರಿಗಳ ಮಂಜು ಮುಸುಕಿದ ವಾಕ್ಯಗಳು, ಅದರ ಕೆಳಗೆ ಮಿನಾಸೆ ಅವರ ‘ಹೇಳಿದ್ದಕ್ಕೆ ಉಪಕಾರವಾಯಿತು, ಇದು ನಮ್ಮ ಅಮ್ಮ ಕೇಳಬೇಕಾದ ಮಾತು.’

“ಇದೇನ್ರೀ ಇದು? ಪಾಠಗಳು ಇವೆ ಅನ್ನೋದನ್ನ ಇವರಮ್ಮ ಯಾಕೆ ಕೇಳ್ಬೇಕು? ಮಿನಾಸೆ ಅವರ ಮಾತು ಬದಲಾಯಿಸಿ. ಎಂದಿನ ಹಾಗೆ ನೀವೇ ಏನಾದ್ರೂ ಹೊಲಿದುಬಿಡಿ.”

“ಅವರನ್ನ ಕೇಳ್ದೆ ಹೆಂಗೆ?”

“ಕೇಳಿ ಮತ್ತೆ.”

ಕೇಳಿದೆ. ಅಚ್ಚುಕೂಟದ ಮೆಟ್ಟಿಲ ಮೇಲೆ ಕೂತು, ಯಂತ್ರದ ಸದ್ದಿಗೆ ಇನ್ನೊಂದು ಕಿವಿ ಮುಚ್ಚಿಕೊಂಡು, ಆದದ್ದೆಲ್ಲ ಹೇಳಿದೆ. ಮಿನಾಸೆ ಅತ್ತರೋ ಏನೋ, ಯಂತ್ರದ ಸದ್ದಿನಲ್ಲಿ ತಿಳಿಯಲಿಲ್ಲ.

“ಅವರ ಮಾತು ಅವರದು, ತೆಗೀಲಿ,” ಎಂದರು ಕೊನೆಗೆ. “ನನ್ನ ಮಾತು ನನ್ನದು. ನಾನು ಉಪಕಾರ ಅಂದದ್ದನ್ನ ವಾಪಸ್ ತಗೊಳಲ್ಲ. ಒಂದಕ್ಷರ ಮುಟ್ಬೇಡಿ.”

ಕೋಣೆಗೆ ಬಂದು ಕೂತೆ. ಆ ಪುಟವನ್ನು ನೋಡುತ್ತ ನನಗೆ ಸಿಟ್ಟು ಬಂತು. ರಾಯಭಾರಿಗಳ ಮೇಲೆ, ಕಟ್ಟುಪಾಡಿನ ಮೇಲೆ, ಈ ಹೊಲಿಗೆಯ ಕೆಲಸದ ಮೇಲೆ. ಎಷ್ಟು ಜನರ ಎಷ್ಟು ಮಾತನ್ನು ಈ ಕೈ ಮಡಚಿ ಒಳಗೆ ಹಾಕಿ ಹೊಲಿದಿರಬಹುದು! ಸೈತಾಮಾದ ಮುದುಕಿ ನಾಳೆ ಬೆಳಿಗ್ಗೆಯೂ ಆರಿದ ಅನ್ನವನ್ನೇ ಇಡುತ್ತಾಳೆ.

ಪುಟದ ನಡುವೆ ಉಪಶೀರ್ಷಿಕೆಯ ಜಾಗ ಖಾಲಿ ಇತ್ತು. ಅದು ನನ್ನದು. ‘ಅಂದಿನ ಅನುಭವ, ಇಂದಿನ ಪಾಠ’ ಎಂದು ಹಾಕುವುದೆಂದಿತ್ತು. ಕೆಂಪು ಪೆನ್ನು ತೆಗೆದು ಬರೆದೆ: ಅಡುಗೆಯವರು ಹೊತ್ತಿಗೆ ಸರಿಯಾಗಿ ಬಂದಿದ್ದರು.

ಹಿಬಿನೋ ಕನ್ನಡಕ ಹಣೆಗೇರಿಸಿ ಓದಿದ. “ಈ ಪುಟದಲ್ಲಿ ಅಡುಗೆಯವರೇ ಇಲ್ವಲ್ರೀ.”

“ಪ್ರಶ್ನೇಲಿ ಇದ್ದಾರೆ. ಮಿನಾಸೆ ಅವರ ಪ್ರಶ್ನೆ ಹಾಗೇ ಇದೆ.”

“ರಾಯಭಾರಿಗಳು ಗಲಾಟೆ ಮಾಡಿದ್ರೆ?”

“ಉಪಶೀರ್ಷಿಕೆಗೆ ಅತಿಥಿಗಳು ಕೈ ಹಾಕೋ ಹಾಗಿಲ್ಲ. ಅವರೂ ಈ ಆಟ ಬಲ್ಲವರೇ.”

ಅವನು ನನ್ನ ಮುಖ ನೋಡಿದ. ಬೋಂಡ ನೋಡಿದ. “ನಿಮಗೂ ನಿವೃತ್ತಿ ಹತ್ರ ಬಂತು, ಅಲ್ವಾ?” ಎಂದು ಸಹಿ ಹಾಕಿದ.

ಸಂಚಿಕೆ ಬಂತು. ದಪ್ಪಕ್ಷರ ಚೆನ್ನಾಗಿ ಮೂಡಿತ್ತು. ನಾನು ಮನಸ್ಸಿನಲ್ಲೇ ಬೆನ್ನು ತಟ್ಟಿಕೊಂಡೆ. ಬಹಳ ದಿನಗಳ ಮೇಲೆ ರಾತ್ರಿ ಚೆನ್ನಾಗಿ ನಿದ್ದೆ ಬಂತು.

ಆ ವಾರದ ಕೊನೆಗೆ ಮಿನಾಸೆ ಫೋನ್ ಮಾಡಿದರು. ಜೀವವಿಲ್ಲದ ದನಿ.

“ಓದಿದ್ಳು. ನಾನೇ ಬೆರಳಿಟ್ಟು ತೋರಿಸ್ದೆ.”

“ಏನಂದ್ರು?”

“ಎರಡೆರಡು ಸಲ ಓದಿದ್ಳು. ಆಮೇಲೆ ಅಂದ್ಳು, ಹೊತ್ತಿಗೆ ಸರಿಯಾಗಿ ಬಂದೂ ವಿಮಾನ ಹತ್ತಲಿಲ್ಲ ಅಂದ್ರೆ ಬರೋಕೆ ಮನಸ್ಸಿರ್ಲಿಲ್ಲ. ಅಲ್ಲಿ ಯಾರನ್ನೋ ಇಟ್ಕೊಂಡಿರ್ಬೇಕು.”

ನಾನು ಕುರ್ಚಿ ಎಳೆದು ಕೂತೆ.

“ನಾಯಿ ವಿಷಯ ಬರೆದು ತೋರಿಸ್ದೆ. ನಿಮ್ಮಪ್ಪನ್ನ ಕಾಪಾಡೋಕೆ ಕಥೆ ಕಟ್ಟಬೇಡ, ಇದರಲ್ಲಿ ಎಲ್ಲಿದೆ ನಾಯಿ, ತೋರಿಸು ಅಂತ ಪತ್ರಿಕೆ ನನ್ನ ಮುಖಕ್ಕೆ ಹಿಡಿದ್ಳು. ಎಲ್ಲಿ ತೋರಿಸ್ಲಿ? ಈಗ ಅನ್ನ ಇಡೋದನ್ನೇ ನಿಲ್ಲಿಸಿದ್ದಾಳೆ. ಫೋಟೋ ಗೋಡೆ ಕಡೆ ತಿರುಗಿಸಿ ಇಟ್ಟಿದ್ದಾಳೆ. ತಡವಾಗಿ ಬರೋನಿಗಾದ್ರೆ ತಣ್ಣಗಿರೋದು ಸಿಕ್ತಿತ್ತು, ಬರೋಕೇ ಇಷ್ಟ ಇಲ್ಲದೋನಿಗೆ ಏನೂ ಇಲ್ಲ ಅಂತೆ.” ಆಮೇಲೆ, “ನಿಮ್ಮ ಮೇಲೆ ಕೋಪ ಇಲ್ಲ, ಕಿಜಿಮಾ ಅವ್ರೇ. ನೀವು ಒಳ್ಳೇದಕ್ಕೇ ಮಾಡಿದ್ರಿ,” ಎಂದರು.

ಅದಕ್ಕಿಂತ ಬೈದಿದ್ದರೆ ವಾಸಿಯಿತ್ತು. ಅರ್ಧ ನಿಜವನ್ನು ದಪ್ಪಕ್ಷರದಲ್ಲಿ ಹಾಕಿ ಜಾಣೆ ಅಂದುಕೊಂಡವಳು ನಾನು. ಇದ್ದ ಒಂದು ಬಟ್ಟಲು ತಣ್ಣನೆಯ ಅನ್ನವನ್ನೂ ಆ ಮನುಷ್ಯನ ಮುಂದಿನಿಂದ ಎತ್ತಿಸಿಬಿಟ್ಟಿದ್ದೆ.

ಮರುದಿನವೇ ಸೆತಗಾಯಾದಲ್ಲಿರುವ ತೊಗಾಶಿ ಅವರ ಮನೆಗೆ ಹೋದೆ. ಹೇಳದೆ ಕೇಳದೆ ಹೀಗೆ ಅತಿಥಿಗಳ ಮನೆಗೆ ಹೋದದ್ದು ಅದೇ ಮೊದಲು. ಬಾಗಿಲು ತೆಗೆದವರು ಅವರ ಮಗಳು ಸುಮಿಕೋ. ಗಂಡ ತೀರಿಕೊಂಡ ಮೇಲೆ ಅಪ್ಪನ ಜೊತೆ ಇದ್ದಾರೆ. ಮಳೆ ನಿಂತ ಮೇಲಿನ ಈ ಸೆಕೆಯಲ್ಲಿ ಬಂದಿರಿ ಎಂದು ತಣ್ಣನೆಯ ಬಾರ್ಲಿ ಚಹಾ ತಂದಿಟ್ಟರು. ಬೀದಿಯಲ್ಲಿ ಒಂದು ನಾಯಿ ಕಂಡೆ ಎಂದು ನಾನು ಹೇಳಿದ್ದೇ ತಡ, ಅವರೇ ಶುರುಮಾಡಿದರು.

“ನನಗೂ ಒಂದು ಸಾಕ್ಬೇಕು ಅಂತ ಆಸೆ. ಅಪ್ಪ ಬಿಡಲ್ಲ. ಚಿಕ್ಕವಳಿದ್ದಾಗ ಹೊರದೇಶದಲ್ಲಿ ಒಂದು ಸಾಕಿದ್ದೆ. ಬಿಟ್ಟು ಬಂದ್ವಿ. ಆಮೇಲೆ ಎಷ್ಟು ಅತ್ರೂ ಇನ್ನೊಂದು ತರೋಕೆ ಬಿಡ್ಲೇ ಇಲ್ಲ. ಅಷ್ಟು ದೊಡ್ಡ ಅಧಿಕಾರಿ, ನಾಯಿ ಕಂಡ್ರೆ ರಸ್ತೆ ದಾಟ್ತಾರೆ!” ಎಂದು ನಕ್ಕರು.

ತೊಗಾಶಿ ಅವರು ನಗಲಿಲ್ಲ. “ಸುಮಿಕೋ, ಅಂಗಡೀಲಿ ಆ ಕೆಂಪುಬೇಳೆ ಸಿಹಿ ಇದ್ರೆ ತಗೊಂಬಾಮ್ಮ,” ಎಂದರು. ಮಗಳು ಚಪ್ಪಲಿ ಮೆಟ್ಟಿ ಹೊರಗೆ ಹೋದ ಸದ್ದಾಯಿತು.

“ಉಪಶೀರ್ಷಿಕೆ ನೋಡ್ದೆ,” ಎಂದರು ಆಮೇಲೆ. “ಅದು ನಿಮ್ಮ ಹಕ್ಕು. ನಾನೇನೂ ಹೇಳೋ ಹಾಗಿಲ್ಲ. ಅಷ್ಟಾದ್ರೂ ಬಂತಲ್ಲ ಅಂತ ಸಮಾಧಾನವೇ ಆಯ್ತು.”

“ಗೆಂಝೋ ಅವರ ಹೆಂಡತಿಗೆ ಆಗ್ಲಿಲ್ಲ,” ಎಂದೆ. ಯೋನೆ ಅಂದದ್ದನ್ನು, ಫೋಟೋ ತಿರುಗಿಸಿದ್ದನ್ನು, ಅನ್ನ ನಿಂತದ್ದನ್ನು, ಒಂದೂ ಬಿಡದೆ ಹೇಳಿದೆ. ಸುತ್ತಿ ಬಳಸಿ ಹೇಳುವ ಶಕ್ತಿ ನನ್ನಲ್ಲಿ ಉಳಿದಿರಲಿಲ್ಲ.

ಅವರ ನೆಟ್ಟಗಿನ ಬೆನ್ನು ಅಲ್ಲಿಯೇ, ನನ್ನ ಕಣ್ಣೆದುರಿಗೇ ಬಾಗಿತು.

“ಸುಮಿಕೋಗೆ ಗೊತ್ತಿಲ್ಲ,” ಎಂದರು, ಬಾಗಿಲ ಕಡೆ ನೋಡುತ್ತ. “ನಾನು ಹೊಡೆದು ಹಾಕಿದ್ದು ನನ್ನ ಹೆಸರಿಗೋಸ್ಕರ ಅಂತ ನೀವು ಅಂದ್ಕೊಂಡಿರ್ತೀರಿ. ಅದೂ ಇದೆ, ಇಲ್ಲ ಅನ್ನಲ್ಲ. ಆದ್ರೆ ಇವಳು ಓದ್ತಾಳೆ, ಕಿಜಿಮಾ ಅವ್ರೇ. ನೀನು ಅತ್ತಿದ್ದಕ್ಕೆ ಒಬ್ಬ ಮನುಷ್ಯ ಹೋದ ಅಂತ ಈ ವಯಸ್ಸಲ್ಲಿ ಅವಳಿಗೆ ಹೇಗೆ ಹೇಳ್ಲಿ? ಅತ್ತಿದ್ದು ಅವಳ ತಪ್ಪಲ್ಲ. ಕಳಿಸಿದ್ದು ನಾನು.”

ಇದನ್ನು ನಾನು ಯೋಚಿಸಿರಲಿಲ್ಲ. ಅವರ ಮೇಲೆ ಇಟ್ಟುಕೊಂಡಿದ್ದ ಸಿಟ್ಟು ಎಲ್ಲಿಡಬೇಕೆಂದು ತಿಳಿಯಲಿಲ್ಲ. ಮನಸ್ಸಿಗೆ ಆಯಾಸವಾಯಿತು, ಅಷ್ಟೆ.

“ನೀವು ಹೇಳಿದ್ದೆಲ್ಲ ಬರಹದಲ್ಲಿದೆ,” ಎಂದೆ ಕೊನೆಗೆ. “ನೀವು ಹ್ಞೂಂ ಅಂದ್ರೆ ಮುಂದಿನ ಸಂಚಿಕೇಲಿ ತಿದ್ದುಪಡಿ ಹಾಕ್ತೀವಿ. ನೀವು ತೆಗೆಸಿದ್ರಿ ಅಂತ ಅಲ್ಲ. ನಮ್ಮ ಕೈತಪ್ಪಿನಿಂದ ಬಿಟ್ಟುಹೋಯ್ತು ಅಂತ. ತಪ್ಪು ಪತ್ರಿಕೇದು. ಕ್ಷಮೆನೂ ನಾವೇ ಕೇಳ್ತೀವಿ.”

“ಅದು ಸುಳ್ಳಲ್ವಾ?”

“ಹೌದು. ಸಣ್ಣದು. ನಮಗೆ ಅಭ್ಯಾಸ ಇದೆ.”

ಹೊರಗೆ ಸುಮಿಕೋ ಯಾರೊಡನೆಯೋ ಮಾತಾಡುತ್ತ ಬರುವುದು ಕೇಳಿಸಿತು. ತೊಗಾಶಿ ಅವರು ಕರವಸ್ತ್ರದಿಂದ ಬಾಯಿ ಒರೆಸಿಕೊಂಡರು. “ಅಚ್ಚಲ್ಲಿ ಓದಿ ತಿಳ್ಕೊಳೋದು ಬೇಡ ಅವಳು. ಮೊದ್ಲು ನಾನೇ ಹೇಳ್ಬೇಕು. ಹೇಳೋಕಾದ್ರೆ ಕಳಿಸ್ತೀನಿ. ಆಗದಿದ್ರೆ ಕ್ಷಮಿಸಿಬಿಡಿ,” ಎಂದರು. ಸಿಹಿ ತಿಂದೆ. ರುಚಿ ಹತ್ತಲಿಲ್ಲ.

ಕಾಯುತ್ತ ಕೂತೆ. ಫ್ಯಾಕ್ಸ್ ಯಂತ್ರ ಸದ್ದು ಮಾಡಿದಾಗಲೆಲ್ಲ ಎದ್ದು ಹೋಗುತ್ತಿದ್ದೆ. ಪ್ರತಿ ಸಲವೂ ಅಕ್ಕಪಕ್ಕದ ಊಟದ ಮನೆಗಳ ಜಾಹೀರಾತು. ಮುಂದಿನ ಸಂಚಿಕೆಯ ಪುಟಗಳು ಕಟ್ಟಿ ಮುಗಿಯುವ ಹೊತ್ತಿಗೆ ನಾನು ಆಸೆ ಬಿಟ್ಟಿದ್ದೆ. ಅಚ್ಚುಕೂಟದ ಕೋಣೆಯಲ್ಲಿ ಕೂತಿದ್ದಾಗ ಕಚೇರಿಯಿಂದ ಅಲ್ಲಿಗೇ ಒಂದು ಫ್ಯಾಕ್ಸ್ ಹಾಳೆ ಬಂತು.

ಅದು ತೊಗಾಶಿ ಅವರ ನಡುಗುವ ಅಕ್ಷರವಲ್ಲ. ದುಂಡಗಿನ, ಸ್ಪಷ್ಟವಾದ ಹೆಂಗಸಿನ ಕೈಬರಹ. ಅಳಿಸಿದ್ದ ಭಾಗವನ್ನು ಪೂರಾ ಮತ್ತೆ ಬರೆದಿತ್ತು. ‘ನನ್ನ ಮಗಳು’ ಎಂದಿದ್ದ ಕಡೆ ‘ನನ್ನ ಮಗಳು ಸುಮಿಕೋ’ ಎಂದು ಹೆಸರು ಸೇರಿತ್ತು. ಕೊನೆಯಲ್ಲಿ ಅಪ್ಪನ ಸಹಿ, ಅದರ ಕೆಳಗೆ ಸಣ್ಣದಾಗಿ ಸುಮಿಕೋ ಅವರ ಒಂದು ಸಾಲು: ಇದನ್ನು ಹೀಗೆಯೇ ಹಾಕಬೇಕಾಗಿ ನನ್ನ ವಿನಂತಿ ಕೂಡ.

ನಾನು ಆ ಹಾಳೆ ಹಿಡಿದುಕೊಂಡು ಮೆಟ್ಟಿಲ ಮೇಲೆ ಹೋಗಿ ಅತ್ತು ಬಂದೆ. ಈ ಕಸುಬಿನಲ್ಲಿ ಮಾತು ಅಳಿಸಿ ಕಳಿಸಿದವರನ್ನು ಕಂಡಿದ್ದೆ. ಅಳಿಸಿದ್ದನ್ನು ಮತ್ತೆ ಬರೆದು ಕಳಿಸಿದವರನ್ನು ಕಂಡಿರಲಿಲ್ಲ.

ಹಿಬಿನೋ ಹಾಳೆ ಓದಿದ. ನಾನು ಬರೆದ ತಿದ್ದುಪಡಿಯನ್ನೂ ಓದಿದ.

“ಅಂದ್ರೆ ಅವರ ನಲವತ್ತು ವರ್ಷದ ತಪ್ಪನ್ನ ನಮ್ಮ ಕೈತಪ್ಪು ಅಂತ ತಲೆ ಮೇಲೆ ಹೊತ್ಕೋಬೇಕು.”

“ಹೌದು.”

“ಸರಿ, ಹೊತ್ಕೊಳೋಣ. ಕೊನೇ ಪುಟದ ಮೂಲೇಲಿ ಎಂದಿನ ಅಳತೇಲಿ ಹಾಕಿ.”

“ಸಣ್ಣಕ್ಷರದಲ್ಲಾದ್ರೆ ಆಯಮ್ಮನಿಗೆ ಕಾಣಲ್ಲ. ತಲೆಬರಹದ ಅಳತೆ ಬೇಕು.”

“ಏನು?” ಅವನ ಕೈಯಿಂದ ಊಟದ ಕಡ್ಡಿ ಬಿತ್ತು. “ತಿದ್ದುಪಡಿನ ಯಾವನಾದ್ರೂ ತಲೆಬರಹದ ಅಳತೇಲಿ ಹಾಕ್ತಾನೇನ್ರೀ? ಊರಿಗೆಲ್ಲ ಡಂಗುರ ಹೊಡೆದ ಹಾಗೆ? ಬೇರೆ ಪತ್ರಿಕೆಯವರು ಹೊಟ್ಟೆ ಹುಣ್ಣಾಗೋ ಹಾಗೆ ನಗ್ತಾರೆ. ಪೂರಾ ಒಂದು ಪುಟ ಹಿಡಿಯುತ್ತೆ. ಜಾಗ ಎಲ್ಲಿದೆ?”

“ನಿಮ್ಮ ಸಂಪಾದಕೀಯ ತೆಗೆದ್ರೆ ಸರಿಯಾಗುತ್ತೆ.”

ಅವನು ನನ್ನನ್ನು ದುರುಗುಟ್ಟಿ ನೋಡಿದ. ಆಮೇಲೆ ನಗತೊಡಗಿದ, ದಣಿದವರು ತಡೆಯಲಾರದೆ ನಗುವ ಹಾಗೆ, ಕಣ್ಣೊರೆಸಿಕೊಳ್ಳುತ್ತ. “ತಗೀರಿ ಅತ್ಲಾಗೆ. ಅದನ್ನ ಹೆಂಗೂ ಯಾರೂ ಓದಲ್ಲ,” ಎಂದ. ಕಂಸದೊಳಗೆ ಹಾಕಬಹುದಾದ ನಿಜವಾದ ನಗು ಅದು.

ಆ ಸಂಚಿಕೆ ಹೊರಬಂದಾಗ ಅಂಗಡಿಗಳಿಗೆ ಹೊಸ ಅಕ್ಕಿ ಬಂದಿತ್ತು. ಮಿನಾಸೆ ಕರೆದರೆಂದು ನಾನೂ ಸೈತಾಮಾಕ್ಕೆ ಹೋದೆ. ರೈಲು ಸಿಗ್ನಲ್ ಕೆಟ್ಟು ಎಲ್ಲೋ ನಿಂತುಬಿಟ್ಟಿತು. ಯೋನೆ ನನ್ನನ್ನು ನೋಡಿದ ಕೂಡಲೇ ಗೋಡೆಯ ಗಡಿಯಾರ ತೋರಿಸಿ, “ಇವರೂ ತಡ,” ಎಂದು ಮಗಳಿಗೆ ಜೋರಾಗಿ ಹೇಳಿದರು. ಒಂದು ಹಿಡಿಯಷ್ಟಿರುವ ಮುದುಕಿ, ಕಣ್ಣು ಮಾತ್ರ ಚುರುಕು. ಮಂಚದ ಪಕ್ಕದ ಪುಟ್ಟ ಗೂಡಿನಲ್ಲಿ ಫೋಟೋ ಇನ್ನೂ ಗೋಡೆಗೆ ಮುಖ ಮಾಡಿತ್ತು.

ಮಿನಾಸೆ ಪತ್ರಿಕೆ ತೆರೆದು ಅವರ ತೊಡೆಯ ಮೇಲಿಟ್ಟರು. ಯೋನೆ ಭೂತಗನ್ನಡಿ ಹಿಡಿದು ಒಂದೊಂದೇ ಸಾಲಿನ ಮೇಲೆ ಮೆಲ್ಲಗೆ ಸರಿಸಿದರು. ತುಟಿ ಅಲುಗುತ್ತಿತ್ತು. ನಾಯಿಯ ಸಾಲಿಗೆ ಬಂದಾಗ ನಿಂತರು. ಮುಂದೆ ಹೋದರು. ‘ಹೊತ್ತಿಗೆ ಬರಲಿಲ್ಲ ಎಂದು ವರದಿ ಬರೆದದ್ದು ನಾನೇ’ ಎಂಬಲ್ಲಿಗೆ ಬಂದು, ಮತ್ತೆ ಮೊದಲಿನಿಂದ ಶುರುಮಾಡಿದರು. ಕೊನೆಯಲ್ಲಿದ್ದ ‘ಈ ಭಾಗ ಬಿಟ್ಟುಹೋದದ್ದಕ್ಕೆ ಸಂಪಾದಕ ವರ್ಗ ಕ್ಷಮೆ ಕೋರುತ್ತದೆ’ ಎಂಬುದನ್ನೂ ಓದಿ ನನ್ನ ಕಡೆ ತಿರುಗಿದರು.

“ಇಷ್ಟು ಮುಖ್ಯವಾದದ್ದನ್ನ ಬಿಟ್ಟುಬಿಡೋದಾ? ಎಂಥಾ ಪತ್ರಿಕೆಯವರಮ್ಮ ನೀವು!”

ನಾನು ನೆಲಕ್ಕೆ ಹಣೆ ತಾಗುವಷ್ಟು ಬಾಗಿದೆ. ಅಷ್ಟು ಮನಸ್ಸಿಟ್ಟು ನಾನು ಯಾರಿಗೂ ಬಾಗಿದ್ದು ನೆನಪಿಲ್ಲ.

ಯೋನೆ ಭೂತಗನ್ನಡಿಯನ್ನು ಮಡಿಲಲ್ಲಿಟ್ಟುಕೊಂಡು ಕೂತರು. “ಮುಂಚೇನೇ ಬಂದಿದ್ರಂತೆ,” ಎಂದರು, ಯಾರಿಗೂ ಅಲ್ಲ. “ಎಲ್ಲರಿಗಿಂತ ಮುಂಚೆ. ಚೀಲ ಹಿಡ್ಕೊಂಡು.” ಮಗಳ ಕಡೆ ತಿರುಗಿದರು. “ನಾನು ಸುಮ್ಮಸುಮ್ಮನೆ ಬೈದ್ನಲ್ಲೇ ಚಿಝುರು. ಇಷ್ಟು ವರ್ಷ. ದಿನಾ.”

ಮಿನಾಸೆ ಅಮ್ಮನ ಬೆನ್ನಿನ ಮೇಲೆ ಕೈಯಿಟ್ಟರು. ಏನು ಹೇಳಿದರೂ ಕೇಳಿಸುವುದಿಲ್ಲವಲ್ಲ.

ಅಷ್ಟರಲ್ಲಿ ಮಧ್ಯಾಹ್ನದ ಊಟದ ತಟ್ಟೆ ಬಂತು. ದಾದಿ ಮುಚ್ಚಳ ತೆಗೆದಾಗ ಹೊಸ ಅಕ್ಕಿಯ ಅನ್ನದ ಹಬೆ ಎದ್ದಿತು. ಯೋನೆ ಎರಡೂ ಕೈಯಲ್ಲಿ ಬಟ್ಟಲು ಎತ್ತಿಕೊಂಡು ಮಂಚದಿಂದ ಇಳಿಯಲು ಹೊರಟರು. ಮಗಳು ಹಿಡಿಯಲು ಹೋದರೆ ಕೈ ಕೊಡವಿದರು. ಗೂಡಿನ ಮುಂದೆ ಬಟ್ಟಲಿಟ್ಟು, ಫೋಟೋವನ್ನು ಈ ಕಡೆ ತಿರುಗಿಸಿದರು. ಬಿಳಿ ಟೋಪಿಯ, ಉರುಟು ಮುಖದ ಮನುಷ್ಯ, ನಗುವುದೋ ಬೇಡವೋ ಎಂಬಂತೆ ನೋಡುತ್ತಿದ್ದ. ಯೋನೆ ಅಂಗಿಯ ತೋಳಿನಿಂದ ಗಾಜಿನ ಮೇಲಿನ ಧೂಳೊರೆಸಿದರು.

“ಇನ್ನೂ ಯಾರೂ ತಿಂದಿಲ್ಲ,” ಎಂದರು ಅವನಿಗೆ. “ಬಿಸಿಯಾಗಿದೆ. ತಗೊಳ್ಳಿ.”